ಅಜ್ಜಿಯ ಪಡಿ

ಯುದ್ಧ ಮುಗಿಯಿತೆಂದು ಶಾಲೆಯಲ್ಲಿ
ಕಲ್ಲುಸಕ್ಕರೆ ಕೊಟ್ಟರು, ಒಬ್ಬೊಬ್ಬರಿಗೆ ಎರಡು ಹರಳು.
ಒಂದನ್ನು ತಿಂದೆ. ಇನ್ನೊಂದನ್ನು ಲಂಗದ ತುದಿಗೆ ಗಂಟು ಕಟ್ಟಿ
ದುರ್ಗಿಗುಡಿಯ ಓಣಿಗುಂಟ ಓಡಿ ಅಜ್ಜಿಗೆ ತಂದೆ.
ಹಲ್ಲಿಲ್ಲದ ಬಾಯಲ್ಲಿ ಸಂಜೆವರೆಗೂ ಹೊರಳಿಸುತ್ತ
"ಯಾರು ಗೆದ್ದರಂತೆ?" ಅಂದಳು.
ಮೇಷ್ಟರು ಹೇಳಿದ್ದರು. ಮರೆತಿದ್ದೆ.

ಅಪ್ಪ ಆಗ ತೀರ್ಥಹಳ್ಳಿ ಬಸ್ಸಿನ ಬೆನ್ನಿಗೆ ಕಟ್ಟಿದ
ಇದ್ದಿಲ ಒಲೆಯ ಆಳು.
ಕೋಳಿ ಕೂಗುವ ಮುಂಚೆ ಎದ್ದು ಪೀಪಾಯಿಗೆ ಇದ್ದಿಲು ಸುರಿದು
ಗಾಳಿಚಕ್ರದ ಹಿಡಿ ತಿರುಗಿಸಿ ತಿರುಗಿಸಿ
ಬಸ್ಸಿಗೆ ಉಸಿರು ಬರಿಸುತ್ತಿದ್ದ.
ಮಂಡಗದ್ದೆ ದಾರಿಯ ಏರಿನಲ್ಲಿ ಅದು ಕೆಮ್ಮಿ ನಿಂತರೆ
ಅಮಲ್ದಾರರೂ ಇಳಿದು ನೂಕಬೇಕು.
"ಗುತ್ಯಪ್ಪಾ, ಹತ್ತಿಸೋ ಮಾರಾಯ" ಎಂದು ಅವರೇ ಬೇಡಿಕೊಂಡದ್ದನ್ನು
ಎಷ್ಟು ಸಲ ಹೇಳಿದ್ದಾನೋ.

ಪೆಟ್ರೋಲು ಬಂತು.
ಒಲೆ ಬಿಚ್ಚಿ ಶೆಡ್ಡಿನ ಹಿಂದೆ ಎಸೆದರು.
ಬಸ್ಸು ಹಗುರಾಗಿ, ಹೊಸ ಮದುಮಗನ ಹಾಗೆ
ಹಿಂದಿರುಗಿಯೂ ನೋಡದೆ ಹೊರಟುಹೋಯಿತು.
ಅಪ್ಪನ ಬಲಗೈ ಮಾತ್ರ ನಿದ್ದೆಯಲ್ಲೂ ತಿರುಗುತ್ತಿತ್ತು.
ಪಕ್ಕದ ಮನೆಯ ದಸ್ತಗೀರಣ್ಣ ಬಸ್ರಾದಿಂದ ಮರಳಿದ್ದ,
ಒಂದು ಖಾಕಿ ಕೋಟು, ಒಂದು ಕಾಗದ, ಒಂದೂವರೆ ಕಿವಿ.
ಇಬ್ಬರೂ ಒಂದೇ ಬೀಡಿ ಹಂಚಿಕೊಂಡು
ಸಾಮಿಲ್ಲಿನ ಗೇಟಿನಲ್ಲಿ ಕೂತಿರುತ್ತಿದ್ದರು.
ಒಳಗಿನಿಂದ ಗರಗಸದ ಸದ್ದು ಬರುತ್ತಿತ್ತು. ಕರೆ ಬರಲಿಲ್ಲ.

ಪಡಿತರ ಚೀಟಿಯಲ್ಲಿ ನಾನು ಅರ್ಧ ಆಳು.
ತಮ್ಮನೂ ಅರ್ಧ. ಅಪ್ಪ, ಅವ್ವ, ಅಜ್ಜಿ ಇಡೀ.
ಅಕ್ಕಿ ಕೇಳಿದರೆ ಕೆಂಪು ಜೋಳ ಅಳೆಯುವರು, ಹಡಗಿನ ವಾಸನೆಯದು.
ಗಂಜಿ ಕುಡಿದು ಬೆಳೆದ ಅವ್ವನಿಗೆ ರೊಟ್ಟಿ ತಟ್ಟಲು ಬಾರದು;
ಅಂಚು ಒಡೆದು ಯಾವುದೋ ದೇಶದ ನಕಾಶೆಯಾಗುತ್ತಿತ್ತು.
ಅಜ್ಜಿ "ಹಸಿವಿಲ್ಲ ಕಣೇ" ಎಂದು ತನ್ನ ಪಾಲು ಮುರಿದು ನಮಗಿಟ್ಟು
ಮುರಿದು, ಮುರಿದು,
ಮಾಘದ ಒಂದು ಬೆಳಗ್ಗೆ ಎಬ್ಬಿಸಿದರೆ ಏಳಲಿಲ್ಲ.

ಅವ್ವ ಅಳಲಿಲ್ಲ.
ಹನ್ನೊಂದನೆಯ ದಿನ ಚೀಟಿ ತೆಗೆದು ನೋಡಿದಳು,
ಮತ್ತೆ ಡಬ್ಬಿಯ ತಳಕ್ಕೆ ಇಟ್ಟಳು.
"ಯಾರಾದರೂ ಕೇಳಿದರೆ ಅಜ್ಜಿ ಮಲಗಿದ್ದಾಳೆ ಅನ್ನು."
ಸತ್ತವಳು ನಾಲ್ಕು ತಿಂಗಳು ನಮಗೆ ಉಣ್ಣಿಸಿದಳು.
ಅಳೆದು ತಂದ ದಿನ ಮೊದಲ ತುತ್ತು ಕಾಗೆಗೆ;
ಕಾಗೆಗೂ ಜೋಳ ಹಿಡಿಸುತ್ತಿರಲಿಲ್ಲ.

ತಪಾಸಣೆಗೆ ಗುಮಾಸ್ತ ವಾಸುದೇವಯ್ಯ ಬಂದ,
ಮಗುಚಿ ಹೊಲಿದ ಕೊರಳಪಟ್ಟಿ, ಕಂಕುಳಲ್ಲಿ ರಿಜಿಸ್ಟರು.
"ಕಾಳಮ್ಮ ಕೋಂ ಹುಚ್ಚಪ್ಪ, ವಯಸ್ಸು ಎಪ್ಪತ್ತು. ಎಲ್ಲಿ?"
ನಾನು ಬಾಯಿ ತೆರೆಯುವಷ್ಟರಲ್ಲಿ ಅವ್ವ
"ಹೊಳೆಗೆ ಹೋಗಿದ್ದಾರೆ ಸ್ವಾಮಿ" ಅಂದುಬಿಟ್ಟಳು.
ಸುಳ್ಳಲ್ಲ. ಮಂಟಪದ ಹತ್ತಿರ ಬೂದಿ ಬಿಟ್ಟದ್ದು ನಾನೂ ನೋಡಿದ್ದೆ.
ವಾಸುದೇವಯ್ಯ ಗೋಡೆಗೆ ಒರಗಿಸಿದ ಊರುಗೋಲು ನೋಡಿದ,
ಅದಕ್ಕೂ ಗೋಡೆಗೂ ನಡುವೆ ಜೇಡ ನೇಯ್ದದ್ದನ್ನು ನೋಡಿದ.
ಒಂದು ಲೋಟ ನೀರು ಕೇಳಿ ಕುಡಿದ.
"ಬಂದ ಮೇಲೆ ಹೆಬ್ಬೆಟ್ಟು ಒತ್ತಿಸಿ" ಎಂದು
ಮುಂದಿನ ಮನೆಗೆ ಹೋದ.

ನನಗೆ ಹನ್ನೆರಡು ತುಂಬಿದಾಗ
ಅವ್ವ ಡಿಪೋಗೆ ಕರೆದೊಯ್ದಳು. ಸಾಲು ಬೀದಿಯವರೆಗೆ.
ನನ್ನ ಸರದಿ ಬರೆಸಿ, ಸ್ವಲ್ಪ ತಡೆದು,
"ನಮ್ಮತ್ತೆ ತೀರಿಕೊಂಡರು" ಎಂದಳು.
ಅವನು ತಲೆ ಎತ್ತಲಿಲ್ಲ. "ಯಾವಾಗ?"
"ನಿನ್ನೆ."
ನಿನ್ನೆ, ಎಂದು ಬರೆದುಕೊಂಡ.
ಕೆಂಪು ಶಾಯಿಯಲ್ಲಿ ಹೆಸರಿನ ಮೇಲೆ ಗೀಟೆಳೆದ.
ನನ್ನ ಅರ್ಧವನ್ನು ಹೊಡೆದು ಒಂದು ಮಾಡಿದ.

ಆಗ, ಅಲ್ಲೇ, ತಕ್ಕಡಿಯ ಮುಂದೆ
ಅವ್ವ ಗೊಳೋ ಎಂದು ಅಳತೊಡಗಿದಳು.
ಸಾಲು ಸರಿದು ಜಾಗ ಬಿಟ್ಟಿತು.
ಹಿಂದಿನ ಮುದುಕಿಯೊಬ್ಬಳು ನನ್ನ ಬೆನ್ನು ಸವರಿ
"ಯಾವಾಗ ಹೋದದ್ದು ಮಗಾ?" ಎಂದಳು.
ಚೀಲದ ಬಾಯಿ ಅಗಲಿಸಿ ಹಿಡಿದುಕೊಂಡೇ
"ನಿನ್ನೆ" ಅಂದೆ.